‘ಕನ್ಸರ್ವೆನ್ಸಿ’ ಅಂದರೆ ಯಾರನ್ನು ಕಾಪಾಡುವುದು?

ನಮ್ಮ ಈ ಗೋಡೆ ಪತ್ರಿಕೆಯ ಬಲಮೂಲೆಯಲ್ಲಿ ‘ವಾರದ ಪದ’ ಅಂತ ಒಂದು ಹೊಸ ಇಂಗ್ಲಿಷ್ ಪದ, ಅದರ ಕನ್ನಡ ಅರ್ಥ, ಒಂದು ವಾಕ್ಯ ಬರೆದು ಅಂಟಿಸುವ ರೂಢಿ ಇದೆ. ಹಿಂದಿನ ಸಂಚಿಕೆಯಲ್ಲಿ ಒಂಬತ್ತನೇ ತರಗತಿಯವರು ಅಂಟಿಸಿದ ಪದ ‘ಕನ್ಸರ್ವೆನ್ಸಿ’. ಅರ್ಥ: ಸಂರಕ್ಷಣೆ, ಕಾಪಾಡುವಿಕೆ. ವಾಕ್ಯ: ‘ನಾವೆಲ್ಲರೂ ಕಾಡಿನ ಕನ್ಸರ್ವೆನ್ಸಿಗೆ ದುಡಿಯಬೇಕು.’ ನಿಘಂಟು ನೋಡಿಯೇ ಬರೆದಿದ್ದಾರೆ, ತಪ್ಪಿಲ್ಲ. ಆದರೆ ಬೇಸಿಗೆ ರಜದಲ್ಲಿ ಮಲ್ಲೇಶ್ವರದ ಸೋದರತ್ತೆ ಮನೆಗೆ ಹೋಗಿ ಬಂದ ಒಬ್ಬ ಹುಡುಗಿ ಅದನ್ನು ಓದಿ ನನ್ನನ್ನು ಕೇಳಿದಳು: “ಸಾರ್, ಅಲ್ಲಿ ಮನೆ ಹಿಂದ್ಗಡೆ ಇರೋ ಸಂದಿಗೆ ಕನ್ಸರ್ವೆನ್ಸಿ ಅಂತಾರೆ. ಅಲ್ಲಿ ಕಸ ಬಿಟ್ರೆ ಏನೂ ಇರ್ಲಿಲ್ಲ. ಅಲ್ಲಿ ಏನನ್ನ ಕಾಪಾಡ್ತಾರೆ ಸಾರ್?”

ಬಹಳ ಒಳ್ಳೆಯ ಪ್ರಶ್ನೆ. ಎರಡು ಸಾಲಿನಲ್ಲಿ ಉತ್ತರ ಹೇಳಿ ಮುಗಿಸುವಂಥದ್ದಲ್ಲ. ಅದಕ್ಕೇ ಈ ಸಲ ಮೂರು ಹಾಳೆ ನಾನೇ ತೆಗೆದುಕೊಂಡಿದ್ದೇನೆ. ಉದ್ದವಾಯಿತು ಅಂತ ಬೈದುಕೊಳ್ಳಬೇಡಿ. ಅರ್ಧ ಇವತ್ತು ಊಟದ ಬಿಡುವಿನಲ್ಲಿ ಓದಿ, ಇನ್ನರ್ಧ ನಾಳೆ ಓದಿ.

ಮೊದಲು ನಿಘಂಟಿನ ಮಾತು. ಲ್ಯಾಟಿನ್ ಭಾಷೆಯಲ್ಲಿ ‘ಸರ್ವಾರೆ’ ಅಂದರೆ ಕಾಪಾಡು, ಕಾವಲಿರು. ಅದರಿಂದಲೇ ಇಂಗ್ಲಿಷಿನ ಕನ್ಸರ್ವ್, ಕನ್ಸರ್ವೇಷನ್, ಕನ್ಸರ್ವೇಟರ್, ಕನ್ಸರ್ವೆನ್ಸಿ ಎಲ್ಲವೂ ಹುಟ್ಟಿದ್ದು. ನಮ್ಮ ಅರಣ್ಯ ಇಲಾಖೆಯ ಕನ್ಸರ್ವೇಟರ್ ಸಾಹೇಬರನ್ನು ಕನ್ನಡದಲ್ಲಿ ‘ಅರಣ್ಯ ಸಂರಕ್ಷಣಾಧಿಕಾರಿ’ ಎಂದು ಬರೆಯುವುದನ್ನು ನೀವು ಬೋರ್ಡುಗಳಲ್ಲಿ, ಜೀಪುಗಳ ಮೇಲೆ ನೋಡಿದ್ದೀರಿ. ಲಂಡನ್ನಿನಲ್ಲಿ ಥೇಮ್ಸ್ ನದಿಯನ್ನು ನೋಡಿಕೊಳ್ಳಲು 1857ರಲ್ಲಿ ಒಂದು ಮಂಡಳಿ ಮಾಡಿದರು, ಅದರ ಹೆಸರು ‘ಥೇಮ್ಸ್ ಕನ್ಸರ್ವೆನ್ಸಿ’. ಕಾಡು, ನೀರು, ಪ್ರಾಣಿ ಪಕ್ಷಿಗಳನ್ನು ಉಳಿಸಲು ಅಮೆರಿಕದಲ್ಲಿ 1951ರಲ್ಲಿ ಹುಟ್ಟಿದ ಒಂದು ದೊಡ್ಡ ಸಂಸ್ಥೆಯ ಹೆಸರೂ ‘ನೇಚರ್ ಕನ್ಸರ್ವೆನ್ಸಿ’. ಎಲ್ಲ ಕಡೆಯೂ ಕಾಪಾಡುವ ಅರ್ಥವೇ.

ಆದರೆ ಇದೇ ಪದಕ್ಕೆ ಇನ್ನೊಂದು ಅರ್ಥ ಇದೆ. ಅದು ಬ್ರಿಟಿಷರ ಆಳ್ವಿಕೆಯ ಕಾಲದಲ್ಲಿ ನಮ್ಮ ದೇಶದಲ್ಲಿ ಚೆನ್ನಾಗಿ ಬೇರೂರಿದ ಅರ್ಥ. ಇಲ್ಲಿನ ಮುನಿಸಿಪಾಲಿಟಿ, ಕಂಟೋನ್ಮೆಂಟು, ರೈಲ್ವೆ ಕಾಗದಗಳಲ್ಲಿ ಕನ್ಸರ್ವೆನ್ಸಿ ಅಂದರೆ ಊರಿನ ಕಸ ಮತ್ತು ಮಲವನ್ನು ತೆಗೆದು ಸಾಗಿಸುವ ವ್ಯವಸ್ಥೆ. ಕನ್ಸರ್ವೆನ್ಸಿ ಇಲಾಖೆ, ಕನ್ಸರ್ವೆನ್ಸಿ ಸಿಬ್ಬಂದಿ, ಕನ್ಸರ್ವೆನ್ಸಿ ತೆರಿಗೆ ಎಂಬ ಮಾತುಗಳೆಲ್ಲ ಹೀಗೆ ಬಂದವು. ಊರಿನ ಆರೋಗ್ಯ ಕಾಪಾಡುವ ಕೆಲಸ ಅಂತ ಸಮಾಧಾನ ಮಾಡಿಕೊಂಡರೆ ಪದ ಹೊಂದುತ್ತದೆ. ಆದರೆ ಕೆಲಸ ಏನು ಅನ್ನುವುದು ಆ ಪದದೊಳಗೆ ಎಲ್ಲೂ ಕಾಣುವುದಿಲ್ಲ. ಕೇಳಿದವರಿಗೆ ಯಾವುದೋ ತೋಟ ಕಾಯುವ ಕೆಲಸ ಇರಬೇಕು ಅನ್ನಿಸುತ್ತದೆ.

ಈಗ ಬೆಂಗಳೂರಿಗೆ ಹೋಗೋಣ. ನಾನು ಓದುವ ಕಾಲಕ್ಕೆ ಚಾಮರಾಜಪೇಟೆಯಲ್ಲಿ ಬಾಡಿಗೆ ಕೋಣೆಯಲ್ಲಿದ್ದೆ. ಕನ್ನಡ ಸಾಹಿತ್ಯ ಪರಿಷತ್ತು ಇರುವುದೂ ಅದೇ ಚಾಮರಾಜಪೇಟೆಯಲ್ಲಿ, ಪಂಪಮಹಾಕವಿ ರಸ್ತೆಯಲ್ಲಿ. ನಮ್ಮ ಶಾಲೆಯಿಂದ ಪ್ರವಾಸ ಹೋದಾಗ ಬಸ್ಸಿನಿಂದಲೇ ತೋರಿಸಿದ್ದೆನಲ್ಲ, ಅದೇ. 1915ರಲ್ಲಿ ಹುಟ್ಟಿದ ಪರಿಷತ್ತು ಎಂಟು ಸಂಪುಟಗಳ ದೊಡ್ಡ ಕನ್ನಡ-ಕನ್ನಡ ನಿಘಂಟನ್ನು ಹೊರತಂದಿತು. ಅದರ ಪ್ರಧಾನ ಸಂಪಾದಕರಾಗಿ ದುಡಿದ ಪ್ರೊ. ಜಿ. ವೆಂಕಟಸುಬ್ಬಯ್ಯನವರು ಪ್ರಜಾವಾಣಿಯಲ್ಲಿ ‘ಇಗೋ ಕನ್ನಡ’ ಎಂಬ ಅಂಕಣದಲ್ಲಿ ಓದುಗರು ಕೇಳಿದ ಪದಗಳಿಗೆ ವರ್ಷಗಟ್ಟಲೆ ಅರ್ಥ ಹೇಳಿದರು. 2021ರಲ್ಲಿ ತೀರಿಕೊಂಡಾಗ ಅವರಿಗೆ 107 ವರ್ಷ. ಪದಗಳ ಮೇಲೆ ಇಷ್ಟು ಕೆಲಸ ನಡೆದ ಪೇಟೆ ಅದು. ಆ ಪೇಟೆಯ ಬೀದಿಗಳಲ್ಲೇ ಈ ಕನ್ಸರ್ವೆನ್ಸಿ ಎಂಬ ಪದವೂ ಓಡಾಡಿಕೊಂಡಿತ್ತು. ಹಾಲಿನವನು, ಪೇಪರ್ ಹುಡುಗ, ಮನೆ ಮಾಲೀಕರು ಎಲ್ಲರೂ ‘ಕನ್ಸರ್ವೆನ್ಸಿ ಕಡೆಯಿಂದ ಬನ್ನಿ’, ‘ಸೈಕಲ್ ಕನ್ಸರ್ವೆನ್ಸೀಲಿ ನಿಲ್ಸಿ’ ಅನ್ನುತ್ತಿದ್ದರು. ಇಂಗ್ಲಿಷ್ ಬಾರದವರ ಬಾಯಲ್ಲೂ ಅದು ಕನ್ನಡವೇ ಆಗಿಹೋಗಿತ್ತು. ಅರ್ಥ ಏನು ಅಂತ ಕೇಳಿದರೆ ‘ಸಂದಿ ಕಣಪ್ಪ’ ಅನ್ನೋರು, ಅಷ್ಟೆ.

ಆ ಸಂದಿ ಯಾಕೆ ಬಂತು? ಬೆಂಗಳೂರಿನ ಹಳೆಯ ಊರು ಅಂದರೆ ಚಿಕ್ಕಪೇಟೆ, ಬಳೇಪೇಟೆ, ಅರಳೇಪೇಟೆ, ಅಕ್ಕಿಪೇಟೆ. ಮನೆಗೆ ಮನೆ ಅಂಟಿಕೊಂಡ, ಕಿಕ್ಕಿರಿದ ಪೇಟೆಗಳು. ಜನ ಹೆಚ್ಚಾದಂತೆ ಕೋಟೆಯ ಪಕ್ಕದಲ್ಲಿ 1892ರ ಸುಮಾರಿಗೆ ಚಾಮರಾಜಪೇಟೆ ಎದ್ದಿತು. ಚಾಮರಾಜೇಂದ್ರ ಒಡೆಯರ ಹೆಸರು ಅದಕ್ಕೆ. 1898ರ ಆಗಸ್ಟ್‌ನಲ್ಲಿ ಬೆಂಗಳೂರಿಗೆ ಪ್ಲೇಗು ಬಂತು. ಸಾವಿರಾರು ಜನ ಸತ್ತರು. ನಿಮ್ಮ ಮನೆಯ ಹಿರಿಯರನ್ನು ಕೇಳಿ, ಇಲಿ ಬಿದ್ದರೆ ಊರು ಬಿಟ್ಟು ಹೊಲದಲ್ಲಿ ಗುಡಿಸಲು ಹಾಕಿಕೊಳ್ಳುತ್ತಿದ್ದ ಕಥೆ ನಮ್ಮೂರ ಕಡೆಯೂ ಸಿಗುತ್ತದೆ. ಬೆಂಗಳೂರಿನಲ್ಲಿ ಸರ್ಕಾರ ಪೇಟೆಯ ಹೊರಗೆ ಗಾಳಿ ಬೆಳಕಿರುವ ಹೊಸ ಬಡಾವಣೆಗಳನ್ನು ಭರದಿಂದ ಬೆಳೆಸಿತು. ಉತ್ತರಕ್ಕೆ ಮಲ್ಲೇಶ್ವರ, ದಕ್ಷಿಣಕ್ಕೆ ಬಸವನಗುಡಿ. ಆಗ ದಿವಾನರಾಗಿದ್ದವರು ಕೆ. ಶೇಷಾದ್ರಿ ಅಯ್ಯರ್.

ಪ್ಲೇಗಿನ ರೋಗಾಣುವನ್ನು ಯೆರ್ಸಿನ್ ಎಂಬ ವೈದ್ಯರು 1894ರಲ್ಲಿ ಹಾಂಗ್‌ಕಾಂಗಿನಲ್ಲಿ ಕಂಡುಹಿಡಿದಿದ್ದರು. ಇಲಿಯ ಮೈಮೇಲಿನ ಚಿಗಟದಿಂದ ಅದು ಹರಡುತ್ತದೆ ಎಂದು ಸಿಮೋನ್ ಎಂಬುವರು ಕರಾಚಿಯಲ್ಲಿ ತೋರಿಸಿದ್ದು 1898ರಲ್ಲೇ. ಆದರೆ ಆ ಮಾತನ್ನು ಲೋಕ ಒಪ್ಪಲು ಇನ್ನೂ ಕೆಲವು ವರ್ಷ ಬೇಕಾಯಿತು. ಕೆಟ್ಟ ಗಾಳಿ, ಕೊಳೆ, ಇಕ್ಕಟ್ಟು ಇವೇ ರೋಗದ ಮೂಲ ಎಂದು ಆಗಿನ ಬಹುಪಾಲು ಅಧಿಕಾರಿಗಳು ನಂಬಿದ್ದರು. ಅದಕ್ಕೇ ಹೊಸ ಬಡಾವಣೆಗಳಲ್ಲಿ ರಸ್ತೆ ನೇರ, ಮನೆಗಳ ನಡುವೆ ಅಂತರ. ಎರಡು ಸಾಲು ಮನೆಗಳು ಬೆನ್ನಿಗೆ ಬೆನ್ನು ಕೊಟ್ಟು ನಿಂತ ಕಡೆ, ನಡುವೆ ಒಂದು ಕಿರಿದಾದ ಓಣಿ. ಅದೇ ಕನ್ಸರ್ವೆನ್ಸಿ ಓಣಿ.

ಆಗ ಒಳಚರಂಡಿ ಇರಲಿಲ್ಲ. ಕಕ್ಕಸು ಮನೆಯ ಒಳಗೆ ಇರುತ್ತಿರಲಿಲ್ಲ, ಹಿತ್ತಲ ಕೊನೆಯಲ್ಲಿ ಇರುತ್ತಿತ್ತು. ಅದರ ಹಿಂದಿನ ಗೋಡೆಯಲ್ಲಿ ನೆಲಮಟ್ಟಕ್ಕೆ ಒಂದು ಕಿಂಡಿ. ಕಿಂಡಿ ತೆರೆದುಕೊಳ್ಳುವುದು ಓಣಿಗೆ. ಬೆಳಗಿನ ಜಾವ ಒಬ್ಬ ಮನುಷ್ಯ, ಅಥವಾ ಒಬ್ಬ ಹೆಂಗಸು, ಆ ಓಣಿಯಲ್ಲಿ ಬಂದು ಕಿಂಡಿಯಿಂದ ಮಲವನ್ನು ಬಳಿದು, ಬುಟ್ಟಿಗೋ ಡಬ್ಬಕ್ಕೋ ತುಂಬಿ, ತಲೆ ಮೇಲೆ ಹೊತ್ತು ಗಾಡಿಗೆ ಸುರಿದು ಹೋಗಬೇಕು. ಮನೆಯವರು ಏಳುವ ಹೊತ್ತಿಗೆ ಎಲ್ಲ ಚೊಕ್ಕಟ. ಮನೆಯವರು ಆತನ ಮುಖ ನೋಡಬೇಕಾಗಿಲ್ಲ, ಆತ ಮುಂದಿನ ರಸ್ತೆಗೆ ಕಾಲಿಡಬೇಕಾಗಿಲ್ಲ. ಮುಂದಿನ ಬಾಗಿಲಿಗೆ ರಂಗೋಲಿ, ಹಿಂದಿನ ಗೋಡೆಗೆ ಕಿಂಡಿ. ಗಾಳಿ ಬೆಳಕಿಗೆ ಅಂತ ಮಾಡಿದ ನಕ್ಷೆಯಲ್ಲೇ ಜಾತಿಯ ಅಂತರವೂ ಕೂತುಬಿಟ್ಟಿತ್ತು. ಈ ಕೆಲಸಕ್ಕೆ ಬಂದವರು ಬಹುಪಾಲು ದಲಿತರು. ಎಷ್ಟೋ ಕುಟುಂಬಗಳು ಈಗಿನ ಆಂಧ್ರಪ್ರದೇಶದ ಕಡೆಯಿಂದ ಬಂದ ತೆಲುಗು ಮಾತಿನವರು.

ಬಸವನಗುಡಿ ಅಂದರೆ ನಮಗೆ ಮಾಸ್ತಿ, ಡಿವಿಜಿ ನೆನಪಾಗುತ್ತಾರೆ. ಮಲ್ಲೇಶ್ವರ ಅಂದರೆ ಸರ್ ಸಿ.ವಿ. ರಾಮನ್ ನೆನಪಾಗುತ್ತಾರೆ. ನೆನಪಾಗಬೇಕಾದ್ದೇ, ದೊಡ್ಡವರು. ಆದರೆ ಆ ಬಡಾವಣೆಗಳನ್ನು ರೋಗದಿಂದ ದೂರ ಇಟ್ಟವರು ಯಾರು? ಮುಂದಿನ ಬಾಗಿಲಿನಿಂದ ಓಡಾಡಿದವರ ಹೆಸರು ರಸ್ತೆಗಿದೆ, ವೃತ್ತಕ್ಕಿದೆ, ನಿಮ್ಮ ಪಠ್ಯಪುಸ್ತಕದಲ್ಲಿದೆ. ಹಿಂದಿನ ಓಣಿಯಲ್ಲಿ ಓಡಾಡಿದವರ ಒಂದು ಹೆಸರಾದರೂ ನಮಗೆ ಗೊತ್ತಾ? ಗೊತ್ತಿಲ್ಲ. ಉಳಿದಿರುವುದು ಒಂದೇ ಪದ, ಕನ್ಸರ್ವೆನ್ಸಿ. ಅದರಲ್ಲೂ ಅವರು ಇಲ್ಲ.

ನಾನು ಹೇಳಬೇಕಾದ ಮಾತು ಇದೇ. ಪದದ ಅರ್ಥ ಅಂದರೆ ನಿಘಂಟಿನ ಎದುರು ಸಾಲು ಮಾತ್ರ ಅಲ್ಲ. ಆ ಪದ ಯಾರನ್ನು ಮರೆಮಾಚುತ್ತದೆ ಎಂದು ತಿಳಿದರೇನೇ ಅರ್ಥ ಪೂರ್ತಿ ತಿಳಿದಂತೆ.

ಹತ್ತನೇ ತರಗತಿಯವರಿಗೆ ಕರ್ತರಿ, ಕರ್ಮಣಿ ಪ್ರಯೋಗದ ಪಾಠ ಆಗಿದೆ. ‘ರಾಮಣ್ಣ ಗುಂಡಿ ತೆಗೆದ’ ಅಂದರೆ ಕರ್ತೃ ಕಣ್ಣಿಗೆ ಕಾಣುತ್ತಾನೆ. ‘ಗುಂಡಿ ತೆಗೆಯಲಾಯಿತು’ ಅಂದರೆ ಕರ್ತೃ ಮಾಯ. ಕನ್ಸರ್ವೆನ್ಸಿಯಂಥ ಪದ ಇದಕ್ಕಿಂತ ಒಂದು ಹೆಜ್ಜೆ ಮುಂದೆ. ಅದರಲ್ಲಿ ಕರ್ತೃವೂ ಇಲ್ಲ, ಗುಂಡಿಯೂ ಇಲ್ಲ, ಬುಟ್ಟಿಯೂ ಇಲ್ಲ. ಕಚೇರಿಯ ದೊಡ್ಡ ದೊಡ್ಡ ಪದಗಳ ಗುಣವೇ ಇದು. ಅದೇ ಕಾಗದಗಳಲ್ಲಿ ಮನುಷ್ಯನ ಮಲಕ್ಕೆ ‘ನೈಟ್ ಸಾಯಿಲ್’ ಅಂತ ಬರೆಯುತ್ತಿದ್ದರು, ಅಂದರೆ ರಾತ್ರಿಯ ಮಣ್ಣು! ಮಣ್ಣು ಹೊರುವುದಕ್ಕೂ ಮಲ ಹೊರುವುದಕ್ಕೂ ವ್ಯತ್ಯಾಸ ಇಲ್ಲವೇ? ‘ಸ್ಕ್ಯಾವೆಂಜರ್’ ಎಂಬ ಪದದ ಕಥೆ ಇನ್ನೂ ವಿಚಿತ್ರ. ಹಳೆಯ ಲಂಡನ್ನಿನಲ್ಲಿ ಹೊರಗಿನ ವ್ಯಾಪಾರಿಗಳ ಸರಕಿನ ಮೇಲೆ ಸುಂಕ ಎತ್ತುವ ಅಧಿಕಾರಿಗೆ ‘ಸ್ಕ್ಯಾವೇಜರ್’ ಎನ್ನುತ್ತಿದ್ದರು. ಬೀದಿ ಚೊಕ್ಕಟವಾಗಿದೆಯೇ ಎಂದು ನೋಡಿಕೊಳ್ಳುವ ಹೊಣೆಯೂ ಆಮೇಲೆ ಅವನಿಗೇ ಬಂತು. ಕಾಲ ಕಳೆದಂತೆ ಪದ ಅಧಿಕಾರಿಯನ್ನು ಬಿಟ್ಟು ಕಸ ಎತ್ತುವವನ ಮೇಲೆ ಕೂತಿತು. ಸುಂಕದ ಕಟ್ಟೆಯಿಂದ ಹೊರಟ ಪದ ಚರಂಡಿಗೆ ಬಂದು ನಿಂತಿತು. ನಮ್ಮಲ್ಲಿ ಬಹುಕಾಲ ‘ಜಾಡಮಾಲಿ’ ಅಂತ ಕರೆದರು. ಈಗ ಕರ್ನಾಟಕದಲ್ಲಿ ‘ಪೌರಕಾರ್ಮಿಕ’ ಅನ್ನುತ್ತೇವೆ. ಪುರದಿಂದ ಪೌರ, ಅಂದರೆ ಊರಿನ ನಾಗರಿಕ. ಇದು ನಿಜವಾಗಿ ಒಳ್ಳೆಯ ಪದ, ಯಾಕೆಂದರೆ ಇದರೊಳಗೆ ಒಬ್ಬ ಮನುಷ್ಯ ಇದ್ದಾನೆ, ಅವನ ದುಡಿಮೆ ಇದೆ. ಆದರೆ ಪದ ಒಳ್ಳೆಯದಾದ ಮಾತ್ರಕ್ಕೆ ಬಾಳು ಒಳ್ಳೆಯದಾಗಲಿಲ್ಲ. ಕೆಲಸ ಕಾಯಂ ಮಾಡಿ ಎಂದು 2022ರ ಜುಲೈನಲ್ಲಿ ಪೌರಕಾರ್ಮಿಕರು ಬೆಂಗಳೂರಿನಲ್ಲಿ ಮುಷ್ಕರ ಕೂರಬೇಕಾಯಿತು.

ಇಲ್ಲಿ ಕೆಲವರು ಕೇಳಬಹುದು: “ಏನ್ ಸಾರ್, ಇಂಥ ವಿಷಯಕ್ಕೆ ಸ್ವಲ್ಪ ಮರ್ಯಾದೆಯ ಪದ ಬಳಸಬಾರದಾ? ಎಲ್ಲಾನೂ ಬಿಚ್ಚಿ ಹೇಳಬೇಕಾ?” ನ್ಯಾಯವಾದ ಮಾತು. ನಮ್ಮ ಹಳ್ಳಿಯ ಕನ್ನಡದಲ್ಲೂ ಇಂಥ ಮುಚ್ಚುಮಾತು ಬೇಕಾದಷ್ಟಿದೆ. ‘ಕೆರೆ ಕಡೆ ಹೋಗಿ ಬರ್ತೀನಿ’, ‘ಹೊರಕಡೆಗೆ ಹೋಗ್ಬೇಕು’, ‘ಚೊಂಬು ಕೊಡು’ ಎಂದರೆ ಯಾರಿಗೆ ತಿಳಿಯುವುದಿಲ್ಲ? ನನಗೆ ಈ ಮಾತುಗಳ ಮೇಲೆ ಯಾವ ಸಿಟ್ಟೂ ಇಲ್ಲ. ಯಾಕೆಂದರೆ ಅವು ಹೇಳುವವನ ನಾಚಿಕೆಯನ್ನು ಮುಚ್ಚುತ್ತವೆ, ಇನ್ನೊಬ್ಬನ ಕಷ್ಟವನ್ನು ಮುಚ್ಚುವುದಿಲ್ಲ. ‘ಕೆರೆ ಕಡೆ ಹೋಗಿ ಬರ್ತೀನಿ’ ಅಂದವನು ತನ್ನ ಕೆಲಸ ತಾನೇ ಮಾಡಿಕೊಂಡು ಬರುತ್ತಾನೆ. ‘ಕನ್ಸರ್ವೆನ್ಸಿ’ ಅಂದಾಗ ನಮ್ಮ ಕೊಳೆ ಇನ್ನೊಬ್ಬರ ತಲೆ ಮೇಲೆ ಹೋಗುತ್ತಿತ್ತು, ಆ ತಲೆ ನಮಗೆ ಕಾಣುತ್ತಿರಲಿಲ್ಲ. ಎರಡನ್ನೂ ಒಂದೇ ತಕ್ಕಡಿಯಲ್ಲಿ ತೂಗಬಾರದು.

ಪದಗಳು ಮನುಷ್ಯರನ್ನು ಹೇಗೆ ಮರೆಸುತ್ತವೆ ಎನ್ನುವುದಕ್ಕೆ ನಮ್ಮ ರಾಜ್ಯದ್ದೇ ಇನ್ನೊಂದು ಉದಾಹರಣೆ ಕೊಡುತ್ತೇನೆ. ಬಿ. ಬಸವಲಿಂಗಪ್ಪ ಎಂಬ ಹೆಸರು ಕೇಳಿದ ಕೂಡಲೇ ಓದಿದವರೆಲ್ಲ ‘ಬೂಸಾ’ ಎನ್ನುತ್ತಾರೆ. 1973ರಲ್ಲಿ ಮೈಸೂರಿನ ಸಭೆಯೊಂದರಲ್ಲಿ ಅವರು ಕನ್ನಡ ಸಾಹಿತ್ಯದಲ್ಲಿ ಹೆಚ್ಚಿನದು ಬೂಸಾ ಎಂಬ ಅರ್ಥದ ಮಾತಾಡಿದರು. ದೊಡ್ಡ ಗಲಾಟೆಯಾಯಿತು, ಮಂತ್ರಿ ಪದವಿ ಬಿಡಬೇಕಾಯಿತು. ಆದರೆ ಇದೇ ಬಸವಲಿಂಗಪ್ಪನವರು ದೇವರಾಜ ಅರಸು ಅವರ ಸಂಪುಟದಲ್ಲಿ ಸಚಿವರಾಗಿದ್ದಾಗ ರಾಜ್ಯದಲ್ಲಿ ತಲೆ ಮೇಲೆ ಮಲ ಹೊರುವ ಪದ್ಧತಿಯನ್ನು ನಿಷೇಧಿಸಿದರು. ಆ ಓಣಿಗಳಲ್ಲಿ ನಡೆದವರ ತಲೆಯಿಂದ ಬುಟ್ಟಿ ಇಳಿಸಲು ಹೊರಟ ಆ ಕೆಲಸ ಎಷ್ಟು ಜನಕ್ಕೆ ನೆನಪಿದೆ? ಒಂದು ಪದದ ಗದ್ದಲ ನೆನಪಿದೆ, ಸಾವಿರಾರು ಜನರ ತಲೆ ಭಾರ ನೆನಪಿಲ್ಲ.

ನಿಷೇಧವಾದ ಕೂಡಲೇ ಎಲ್ಲ ಮುಗಿಯಿತು ಅಂದುಕೊಳ್ಳಬೇಡಿ. ದೇಶಕ್ಕೆಲ್ಲ ಅನ್ವಯಿಸುವಂತೆ 1993ರಲ್ಲಿ ಒಂದು ಕಾಯ್ದೆ ಬಂತು. ಅದು ಸಾಲದೆ 2013ರಲ್ಲಿ ಇನ್ನೂ ಬಿಗಿಯಾದ ಕಾಯ್ದೆ ಬಂತು. ಎರಡರ ನಡುವೆ, 2010ರ ಜುಲೈನಲ್ಲಿ, ಹಾವೇರಿ ಜಿಲ್ಲೆಯ ಸವಣೂರಿನಲ್ಲಿ ಈ ಕೆಲಸ ಮಾಡುತ್ತಿದ್ದ ಕುಟುಂಬಗಳವರು ತಮ್ಮನ್ನು ವಾಸದ ಜಾಗದಿಂದ ಎತ್ತಂಗಡಿ ಮಾಡುವುದನ್ನು ವಿರೋಧಿಸಿ, ಪುರಸಭೆಯ ಮುಂದೆ ತಮ್ಮ ಮೈಮೇಲೆ ತಾವೇ ಮಲ ಸುರಿದುಕೊಂಡರು. ಓದುವುದಕ್ಕೇ ಕಷ್ಟ ಆಗುತ್ತದೆ, ಅಲ್ಲವೇ? ಮೆದುವಾಗಿ ಹೇಳಿದ್ದನ್ನು ಯಾರೂ ಕೇಳಿಸಿಕೊಳ್ಳದಿದ್ದಾಗ ಮನುಷ್ಯರು ಹೀಗೂ ಹೇಳಬೇಕಾಗುತ್ತದೆ. ಆಗ ಇಡೀ ರಾಜ್ಯ ತಿರುಗಿ ನೋಡಿತು.

ಈಗ ಬೆಂಗಳೂರಿನ ಆ ಓಣಿಗಳ ಕಥೆ ಬೇರೆಯಾಗಿದೆ. ಒಳಚರಂಡಿ ಬಂದ ಮೇಲೆ ಕಿಂಡಿಗಳಿಗೆ ಕೆಲಸ ಇಲ್ಲದಾಯಿತು. ಕೆಲವು ಓಣಿಗಳನ್ನು ಅಕ್ಕಪಕ್ಕದವರು ಒತ್ತಿಕೊಂಡರು, ಕೆಲವು ಕಸದ ತಿಪ್ಪೆಯಾದವು, ಕೆಲವು ಸ್ಕೂಟರ್ ನಿಲ್ಲಿಸುವ ಜಾಗವಾದವು. ಇತ್ತೀಚಿನ ವರ್ಷಗಳಲ್ಲಿ ಮಲ್ಲೇಶ್ವರದ ಕೆಲವು ಓಣಿಗಳನ್ನು ಚೊಕ್ಕಟ ಮಾಡಿ, ಗೋಡೆಗೆ ಚಿತ್ರ ಬರೆಸಿ, ಜನ ನಡೆದಾಡುವ ಹಾಗೆ ಮಾಡಿದ್ದಾರೆ. ಒಳ್ಳೆಯ ಕೆಲಸ, ಮೆಚ್ಚಬೇಕು. ಹೆದರಿಕೆಯ ಸಂದಿ ಹೋಗಿ ನಡೆಯುವ ದಾರಿ ಆದರೆ ಯಾರಿಗೆ ಬೇಡ? ನನ್ನದು ಒಂದೇ ಅಹವಾಲು. ಗೋಡೆಗೆ ಬಣ್ಣ ಬಳಿಯುವಾಗ ಒಂದು ಮೂಲೆಯಲ್ಲಿ ನಾಲ್ಕು ಸಾಲು ಕನ್ನಡದಲ್ಲಿ ಬರೆಸಬೇಕು: ಈ ದಾರಿ ಯಾಕಾಗಿ ಇತ್ತು, ಇಲ್ಲಿ ಯಾರು ನಡೆದರು, ಏನು ಹೊತ್ತರು ಎಂದು. ಹೂವು, ಹಕ್ಕಿ, ಚಿಟ್ಟೆಯ ಪಕ್ಕದಲ್ಲಿ ಅದೂ ಇರಲಿ.

ಮತ್ತೊಂದು ಮಾತು. ಯಾರಾದರೂ ಉತ್ಸಾಹದಿಂದ ಈ ಓಣಿಗೆ ಅಚ್ಚಗನ್ನಡದ ಹೆಸರಿಡುತ್ತೇವೆ ಎಂದು ಹೊರಟು, ನಿಘಂಟು ನೋಡಿ ‘ಸಂರಕ್ಷಣಾ ಓಣಿ’ ಎಂದು ಬರೆದಾರು. ಕನ್ನಡದ ಅಭಿಮಾನ ನನಗೂ ಇದೆ, ಆದರೆ ಇದು ಬೇಡ. ಅದು ಪದಕ್ಕೆ ಸರಿ, ಸಂಗತಿಗೆ ಸುಳ್ಳು. ಇಂಗ್ಲಿಷ್ ಪದ ಒಂದು ಸಲ ಮುಚ್ಚಿದ್ದನ್ನು ಕನ್ನಡ ಪದ ಎರಡನೇ ಸಲ ಮುಚ್ಚಿದಂತಾಗುತ್ತದೆ. ಜನರ ಬಾಯಲ್ಲಿ ಇರುವ ‘ಕನ್ಸರ್ವೆನ್ಸಿ’ಯೇ ಇರಲಿ. ಅದರ ಅರ್ಥ ಮಾತ್ರ ಎಲ್ಲರಿಗೂ ತಿಳಿದಿರಲಿ.

ಇನ್ನು ನಮ್ಮ ಊರಿಗೆ ಬರೋಣ. “ನಮ್ಮೂರಲ್ಲಿ ಕನ್ಸರ್ವೆನ್ಸಿ ಓಣಿ ಎಲ್ಲಿದೆ ಸಾರ್?” ಅನ್ನುತ್ತೀರಿ. ಓಣಿ ಇಲ್ಲ, ನಿಜ. ಆದರೆ 2014ರ ನಂತರ ಸ್ವಚ್ಛ ಭಾರತ ಯೋಜನೆಯಲ್ಲಿ ನಮ್ಮೂರಲ್ಲೂ ಮನೆಮನೆಗೆ ಶೌಚಾಲಯ ಆದವು. ಹೆಣ್ಣುಮಕ್ಕಳು ಕತ್ತಲಾಗುವುದನ್ನು ಕಾಯುವ ಕಷ್ಟ ತಪ್ಪಿತು. ಬಹಳ ಒಳ್ಳೆಯದಾಯಿತು. ಆದರೆ ಅವುಗಳ ಗುಂಡಿಗಳು ಈಗ ಒಂದೊಂದಾಗಿ ತುಂಬುತ್ತಿವೆ. ತುಂಬಿದಾಗ ಮನೆಯವರು ಏನೆನ್ನುತ್ತಾರೆ? ‘ಕ್ಲೀನಿಂಗ್‌ನವರಿಗೆ ಹೇಳಿದ್ದೀವಿ, ರಾತ್ರಿ ಬರ್ತಾರೆ’ ಅನ್ನುತ್ತಾರೆ. ಕ್ಲೀನಿಂಗ್‌ನವರು ಅಂದರೆ ಯಾರು? ಅವರಿಗೆ ಹೆಸರಿಲ್ಲವೇ? ರಾತ್ರಿಯೇ ಯಾಕೆ ಬರಬೇಕು? ನೋಡಿ, ಓಣಿ ಇಲ್ಲದಿದ್ದರೂ ಪದ ಹುಟ್ಟಿಬಿಟ್ಟಿದೆ. ಬೆಂಗಳೂರಿನ ಹಳೆಯ ಕನ್ಸರ್ವೆನ್ಸಿಯೇ ನಮ್ಮೂರಿಗೆ ‘ಕ್ಲೀನಿಂಗ್’ ಅಂತ ಹೆಸರು ಬದಲಾಯಿಸಿಕೊಂಡು ಬಂದಿದೆ. ಈ ಗೋಡೆಯ ಮುಂದೆ ನಿಂತು ಓದುತ್ತಿರುವವರಲ್ಲಿ, ಹಾಗೆ ರಾತ್ರಿ ಕರೆ ಬಂದವರ ಮಕ್ಕಳೂ ಇದ್ದಾರೆ ಎನ್ನುವುದನ್ನು ಮರೆಯಬೇಡಿ.

ಗುಂಡಿಗೆ ಮನುಷ್ಯ ಇಳಿಯುವುದು ಎಷ್ಟು ಅಪಾಯ ಎಂದು ವಿಜ್ಞಾನದ ಮೇಷ್ಟ್ರು ಹೇಳಿಕೊಟ್ಟಿದ್ದಾರೆ. ಮುಚ್ಚಿದ ಗುಂಡಿಯಲ್ಲಿ ಹೈಡ್ರೋಜನ್ ಸಲ್ಫೈಡ್, ಮೀಥೇನ್ ಅನಿಲ ತುಂಬಿರುತ್ತವೆ. ಹೈಡ್ರೋಜನ್ ಸಲ್ಫೈಡ್ ಮೊದಲು ಕೊಳೆತ ಮೊಟ್ಟೆಯ ವಾಸನೆ ಬರುತ್ತದೆ. ಹೆಚ್ಚಾದರೆ ಮೂಗು ವಾಸನೆ ಹಿಡಿಯುವ ಶಕ್ತಿಯನ್ನೇ ಕಳೆದುಕೊಳ್ಳುತ್ತದೆ, ಅಪಾಯ ಹೋಯಿತು ಅನ್ನಿಸುತ್ತದೆ. ಆಗ ಇಳಿದವನು ಮೇಲೆ ಬರುವುದಿಲ್ಲ, ಅವನನ್ನು ಎತ್ತಲು ಹೋದವನೂ ಬರುವುದಿಲ್ಲ. 2013ರ ಕಾಯ್ದೆಯ ಪ್ರಕಾರ ರಕ್ಷಣಾ ಸಲಕರಣೆ ಇಲ್ಲದೆ ಒಬ್ಬ ಮನುಷ್ಯನನ್ನು ಸೆಪ್ಟಿಕ್ ಟ್ಯಾಂಕಿಗೆ, ಒಳಚರಂಡಿಗೆ ಇಳಿಸುವುದು ಅಪರಾಧ. ಮೊದಲ ಸಲಕ್ಕೇ 2 ವರ್ಷದವರೆಗೆ ಜೈಲು, ಅಥವಾ 2 ಲಕ್ಷ ರೂಪಾಯಿವರೆಗೆ ದಂಡ, ಅಥವಾ ಎರಡೂ. ಚರಂಡಿಯಲ್ಲಿ ಸತ್ತವರ ಕುಟುಂಬಕ್ಕೆ 10 ಲಕ್ಷ ಪರಿಹಾರ ಕೊಡಬೇಕೆಂದು ಸುಪ್ರೀಂ ಕೋರ್ಟ್ 2014ರಲ್ಲಿ ಹೇಳಿತ್ತು. 2023ರ ಅಕ್ಟೋಬರ್‌ನಲ್ಲಿ ಅದನ್ನು 30 ಲಕ್ಷಕ್ಕೆ ಏರಿಸಿತು. ‘ಅವರೇ ಒಪ್ಪಿಕೊಂಡು ಬಂದರು’ ಅನ್ನುವ ಮಾತು ಕಾನೂನಿನ ಮುಂದೆ ನಡೆಯುವುದಿಲ್ಲ.

ಶಾಲೆಗಳೂ ಇದರಿಂದ ಹೊರಗಿಲ್ಲ. 2023ರ ಡಿಸೆಂಬರ್‌ನಲ್ಲಿ ಕೋಲಾರ ಜಿಲ್ಲೆ ಮಾಲೂರು ತಾಲ್ಲೂಕಿನ ಒಂದು ವಸತಿ ಶಾಲೆಯಲ್ಲಿ ಮಕ್ಕಳನ್ನೇ ಮಲದ ಗುಂಡಿಗೆ ಇಳಿಸಿದ ಸುದ್ದಿ ಪತ್ರಿಕೆಗಳಲ್ಲಿ ಬಂತು. ಶಿಕ್ಷಕರಾದ ನಾವು ತಲೆ ತಗ್ಗಿಸಬೇಕಾದ ಸುದ್ದಿ ಅದು. ‘ಸ್ವಚ್ಛತಾ ಸರದಿ’, ‘ಶ್ರಮದಾನ’ ಎಂಬ ಒಳ್ಳೆಯ ಪದಗಳ ಕೆಳಗೇ ಇಂಥದ್ದು ನಡೆದುಬಿಡಬಹುದು. ನಮ್ಮ ಶಾಲೆಯಲ್ಲೂ ಸರದಿ ಪಟ್ಟಿ ಇದೆ. ತರಗತಿ ಗುಡಿಸುವುದು ಎಲ್ಲರ ಕೆಲಸ. ಗುಡಿಸುವುದರಲ್ಲಿ ಗಂಡು ಹೆಣ್ಣು ಎಂದಾಗಲಿ, ಆ ಕೇರಿ ಈ ಕೇರಿ ಎಂದಾಗಲಿ ಇಲ್ಲ. ಪಟ್ಟಿಯಲ್ಲಿ ಒಂದೇ ಹೆಸರು ಪದೇ ಪದೇ ಒಂದೇ ಕೆಲಸಕ್ಕೆ ಬಂದರೆ ನೀವು ಎದ್ದು ನಿಂತು ಕೇಳಬೇಕು. ಅದು ಉದ್ಧಟತನ ಅಲ್ಲ.

ಬರೀ ದೂರು ಹೇಳಿ ಮುಗಿಸಬಾರದು, ಮಾಡಬೇಕಾದ್ದನ್ನೂ ಹೇಳುತ್ತೇನೆ. ಒಂದು: ಮನೆಯಲ್ಲಿ ಗುಂಡಿ ತುಂಬಿದರೆ ಪಟ್ಟಣದಿಂದ ಸಕ್ಕಿಂಗ್ ಮೆಷಿನ್ ಗಾಡಿ ತರಿಸಲು ಅಪ್ಪ ಅಮ್ಮನಿಗೆ ಹೇಳಿ. ಖರ್ಚು ಜಾಸ್ತಿ ಅಂದರೆ, ಅಕ್ಕಪಕ್ಕದ ನಾಲ್ಕು ಮನೆಯವರು ಸೇರಿ ತರಿಸಿ ಹಂಚಿಕೊಳ್ಳಬಹುದು. ಎರಡು: ಹೊಸದಾಗಿ ಕಟ್ಟಿಸುವವರು ಜೋಡಿ ಗುಂಡಿ ಮಾಡಿಸಲಿ. ಒಂದು ತುಂಬಿದ ಮೇಲೆ ಅದನ್ನು ಮುಚ್ಚಿ ಇನ್ನೊಂದಕ್ಕೆ ತಿರುಗಿಸಿದರೆ, ಮೊದಲನೆಯದು ಒಂದೆರಡು ವರ್ಷದಲ್ಲಿ ಒಣಗಿ, ವಾಸನೆಯಿಲ್ಲದ ಗೊಬ್ಬರ ಆಗುತ್ತದೆ. ಅದನ್ನು ಆ ಮನೆಯವರೇ ತೆಗೆದು ತೋಟಕ್ಕೆ ಹಾಕಬಹುದು, ರಾತ್ರಿ ಯಾರನ್ನೂ ಕರೆಸಬೇಕಾಗಿಲ್ಲ. ಮೂರು: ಮುಂದಿನ ಗ್ರಾಮಸಭೆಯಲ್ಲಿ ಈ ವಿಷಯ ಎತ್ತಿ ಎಂದು ಮನೆಯ ದೊಡ್ಡವರಿಗೆ ಹೇಳಿ. ಪಂಚಾಯಿತಿಯಿಂದಲೇ ಗಾಡಿ ಗೊತ್ತು ಮಾಡಿಸಿದರೆ ಎಲ್ಲರಿಗೂ ಹಗುರ.

ಒಂಬತ್ತನೇ ತರಗತಿಯವರಿಗೆ ಒಂದು ಕೆಲಸ. ಮುಂದಿನ ಸಂಚಿಕೆಯಲ್ಲಿ ಅದೇ ‘ವಾರದ ಪದ’ವನ್ನು ಮತ್ತೊಮ್ಮೆ ಅಂಟಿಸಿ. ಹೀಗೆ ಬರೆಯಿರಿ: ಕನ್ಸರ್ವೆನ್ಸಿ (ನಾಮಪದ). 1. ಕಾಡು, ನದಿ ಮುಂತಾದವನ್ನು ಕಾಪಾಡುವುದು, ಕಾಪಾಡುವ ಸಂಸ್ಥೆ. 2. ಭಾರತದ ಊರುಗಳಲ್ಲಿ, ಕಸ ಮತ್ತು ಮಲ ಸಾಗಿಸುವ ವ್ಯವಸ್ಥೆ. ಬೆಂಗಳೂರಿನ ಹಳೆಯ ಬಡಾವಣೆಗಳಲ್ಲಿ, ಮಲ ಹೊರುವವರು ಓಡಾಡಲೆಂದು ಮನೆಗಳ ಹಿಂದೆ ಬಿಟ್ಟಿದ್ದ ಓಣಿ. ಎರಡನೆಯ ಅರ್ಥವನ್ನು ಮೊದಲನೆಯದರಷ್ಟೇ ದಪ್ಪ ಅಕ್ಷರದಲ್ಲಿ ಬರೆಯಿರಿ.

ಉಳಿದವರು ನಿಮ್ಮ ನಿಮ್ಮ ಬೀದಿಯಲ್ಲಿ, ಪಂಚಾಯಿತಿ ನೋಟೀಸಿನಲ್ಲಿ, ಬಸ್ ನಿಲ್ದಾಣದ ಬೋರ್ಡಿನಲ್ಲಿ ಇಂಥ ದೊಡ್ಡ ಪದ ಯಾವುದಾದರೂ ಕಂಡರೆ ಬರೆದುಕೊಂಡು ಬನ್ನಿ. ಅದರ ಎದುರಿಗೆ ಅರ್ಥದ ಜೊತೆ ‘ಇದನ್ನು ಮಾಡುವವರು ಯಾರು?’ ಎಂಬ ಪ್ರಶ್ನೆಗೂ ಉತ್ತರ ಬರೆಯಿರಿ. ನನ್ನ ಅಭಿಪ್ರಾಯ ಒಪ್ಪದವರು ಅದನ್ನೂ ಧಾರಾಳವಾಗಿ ಬರೆದು ಕೊಡಿ, ಈ ಗೋಡೆಯಲ್ಲಿ ಜಾಗ ಇದೆ. ಶನಿವಾರ ಬೆಳಗಿನ ಪ್ರಾರ್ಥನೆಯೊಳಗೆ ತಲುಪಿಸಿದರೆ ಸೋಮವಾರದ ಸಂಚಿಕೆಯಲ್ಲಿ ಅಂಟಿಸೋಣ.

– ನಿಮ್ಮ ಇಂಗ್ಲಿಷ್ ಮೇಷ್ಟ್ರು